ಆಣೆ ಇಡದ ಹೆಂಗಸು

ನನಗೆ ಸಿಟ್ಟು ಬೇಗ ಬರುತ್ತದೆ. ಇದನ್ನು ಮೊದಲೇ ಹೇಳಿಬಿಡುವುದು ಒಳ್ಳೆಯದು, ನಾನು ಹೇಳದಿದ್ದರೆ ನಾಗಮಂಗಲ, ಕೆ.ಆರ್. ಪೇಟೆ, ಪಾಂಡವಪುರ, ಶ್ರೀರಂಗಪಟ್ಟಣದ ವಕೀಲರಲ್ಲಿ ಯಾರಾದರೂ ಹೇಳಿಯೇ ಹೇಳುತ್ತಾರೆ. ಜಡ್ಜಾಗಿ ನನ್ನ ನೌಕರಿಯ ಬಹುಪಾಲು ಈ ನಾಲ್ಕು ಊರುಗಳಲ್ಲಿ ಕಳೆಯಿತು. ನಡುನಡುವೆ ದೂರದ ಜಿಲ್ಲೆಗಳಿಗೂ ವರ್ಗವಾಗುತ್ತಿತ್ತು, ಆದರೆ ಸುತ್ತಿ ಬಳಸಿ ಮತ್ತೆ ಇಲ್ಲಿಗೇ ಬರುತ್ತಿದ್ದೆ. ನಾಗಮಂಗಲದಲ್ಲಿ ಕಿರಿಯ ಸಿವಿಲ್ ಜಡ್ಜಾಗಿ ಶುರುಮಾಡಿದವಳು ಶ್ರೀರಂಗಪಟ್ಟಣದಲ್ಲಿ ಸೆಷನ್ಸ್ ಜಡ್ಜಾಗಿ ಕಪ್ಪು ಕೋಟು ಕಳಚಿಟ್ಟೆ. ಹೈಕೋರ್ಟಿನ ಪೀಠದ ಮೇಲೆ ಕೂರಲಿಲ್ಲ. ನೆಂಟರ ಮದುವೆ ಮನೆಗಳಲ್ಲಿ ಇದಕ್ಕಾಗಿ ನನಗೆ ಸಮಾಧಾನ ಹೇಳುವವರು ಈಗಲೂ ಸಿಗುತ್ತಾರೆ. ಅವರ ಎಲೆಗೆ ಇನ್ನೊಂದು ಹೋಳಿಗೆ ಹಾಕಿಸಿ ಬಾಯಿ ಮುಚ್ಚಿಸುತ್ತೇನೆ.

ಅವರಿಗೆ ಹೇಳಿದರೂ ಅರ್ಥವಾಗದ ಮಾತೊಂದಿದೆ. ಮೇಲಿನ ಕೋರ್ಟಿಗೆ ಹೋಗುವುದು ಕಾಗದ. ಮನುಷ್ಯರು ಬರುವುದು ನಮ್ಮ ಕೋರ್ಟಿಗೆ. ಸಾಕ್ಷಿಯ ಕಟಕಟೆ ಹತ್ತಿ ನಿಂತವನ ಗಂಟಲು ಒಣಗುವುದು, ಅವನು ಯಾವ ಮಾತು ಹೇಳುವಾಗ ಟವೆಲಿನ ತುದಿ ಹಿಂಡುತ್ತಾನೆ ಎನ್ನುವುದು, ಹಿಂದಿನ ಬೆಂಚಿನಲ್ಲಿ ಕೂತ ಅವನ ಹೆಂಡತಿ ಆಗ ಯಾವ ಕಡೆ ನೋಡುತ್ತಾಳೆ ಎನ್ನುವುದು, ಇದೆಲ್ಲ ಕಾಣುವುದು ವಿಚಾರಣೆ ಮಾಡುವ ಜಡ್ಜಿಗೆ ಮಾತ್ರ. ನಾನು ಅದನ್ನು ನೋಡಿದೆ, ವರ್ಷಗಟ್ಟಲೆ ನೋಡಿದೆ, ಚೆನ್ನಾಗಿಯೇ ನೋಡಿದೆ. ಹೀಗೆ ಹೇಳಿಕೊಳ್ಳಲು ನನಗೆ ಸಂಕೋಚವೇನೂ ಇಲ್ಲ.

ನಾಗಮಂಗಲದಲ್ಲಿ ನಾನು ಮೊದಲು ಕುರ್ಚಿಯ ಮೇಲೆ ಕೂತಾಗ ಹೆಣ್ಣು ಜಡ್ಜನ್ನು ಏನೆಂದು ಕರೆಯಬೇಕು ಎನ್ನುವುದೇ ಹಳ್ಳಿಯವರಿಗೆ ದೊಡ್ಡ ಸಮಸ್ಯೆಯಾಯಿತು. ವಕೀಲರು ಮೇಡಂ ಎನ್ನುತ್ತಿದ್ದರು. ಹಳ್ಳಿಯ ಸಾಕ್ಷಿಗಳಿಗೆ ಕೋರ್ಟು ಎಂದರೆ ಸ್ವಾಮಿ. ಮುದುಕನೊಬ್ಬ "ಸ್ವಾಮಿ" ಎಂದ, ನನ್ನ ಮುಖ ನೋಡಿ ನಾಲಿಗೆ ಕಚ್ಚಿಕೊಂಡ, "ಸ್ವಾಮವ್ವ" ಎಂದ. ಇಡೀ ಕೋರ್ಟು ನಕ್ಕಿತು. ನಾನು ಮುಖ ಗಂಟಿಕ್ಕಿಕೊಂಡು ಕೂತಿದ್ದೆ, ಮನೆಗೆ ಬಂದು ಗಂಡನಿಗೆ ಹೇಳಿ ಹೊಟ್ಟೆ ಹಿಡಿದುಕೊಂಡು ನಕ್ಕೆ. ಆಮೇಲೆ ಸ್ವಾಮಿಯೇ ಇರಲಿ ಎಂದು ಸುಮ್ಮನಾದೆ. ಅದು ಆ ಕುರ್ಚಿಗೆ ಹೇಳುವ ಮಾತು, ನನಗಲ್ಲ.

ಪಾಂಡವಪುರದಲ್ಲಿ ಕಬ್ಬು ಅರೆಯುವ ಕಾಲ ಬಂದರೆ ವಕೀಲರು ಒಬ್ಬೊಬ್ಬರಾಗಿ ತಡವಾಗಿ ಬರುತ್ತಿದ್ದರು. ಕೇಳಿದರೆ ಎಲ್ಲರದೂ ಒಂದೇ ಉತ್ತರ: "ಕಬ್ಬಿನ ಟ್ರಾಕ್ಟರು ಅಡ್ಡ ಬಂತು ಮೇಡಂ." ಅದೇ ರಸ್ತೆಯಲ್ಲಿ ಬರುವ ನನಗೆ ಆ ಟ್ರಾಕ್ಟರು ಏಕೆ ಅಡ್ಡ ಬರುವುದಿಲ್ಲ ಎಂದು ಒಂದು ಬೆಳಿಗ್ಗೆ ಕೇಳಿದೆ, ತಡವಾಗಿ ಬಂದವರ ಕೇಸುಗಳನ್ನೆಲ್ಲ ಸಂಜೆಗೆ ತಳ್ಳಿದೆ. ಮಾರನೆಯ ದಿನದಿಂದ ಟ್ರಾಕ್ಟರುಗಳು ತಾವಾಗಿ ಪಕ್ಕಕ್ಕೆ ಸರಿದವು. ಸಿಡುಕಿ ಎಂಬ ಹೆಸರು ನನಗೆ ಬಂದದ್ದು ಅಲ್ಲಿ. ಕೇಸು ಬೇಗ ಮುಗಿಯುತ್ತದೆ ಎಂಬ ಹೆಸರೂ ಅಲ್ಲೇ ಬಂತು, ಅದನ್ನು ವಕೀಲರು ಅಷ್ಟಾಗಿ ಹೇಳುವುದಿಲ್ಲ.

ಆದರೆ ನಾನು ಹೇಳಲು ಹೊರಟಿರುವುದು ಕೆ.ಆರ್. ಪೇಟೆಯ ಒಂದು ಕೇಸಿನ ವಿಷಯ. ಅದಕ್ಕೆ ಮೊದಲು ಈ ಸೀಮೆಯ ಆಣೆಯ ವಿಷಯ ಹೇಳಬೇಕು.

ಸಾಕ್ಷಿ ಕಟಕಟೆ ಹತ್ತಿದ ಕೂಡಲೇ ಕೋರ್ಟಿನಲ್ಲಿ ಪ್ರಮಾಣ ಹೇಳಿಸುತ್ತಾರೆ. ದೇವರ ಹೆಸರಿನಲ್ಲಿ ಸತ್ಯವನ್ನೇ ಹೇಳುತ್ತೇನೆ ಎಂದು. ಸಾಕ್ಷಿಗಳು ಬಸ್ಸಿನಲ್ಲಿ ಟಿಕೆಟು ಕೇಳುವಷ್ಟೇ ಸಲೀಸಾಗಿ ಅದನ್ನು ಹೇಳಿ ಮುಗಿಸುತ್ತಾರೆ. ಅಲ್ಲಿ ದೇವರು ಕಾಣುವುದಿಲ್ಲ, ಕಾಣುವುದು ನಾನು ಮತ್ತು ನನ್ನ ತಲೆಯ ಮೇಲಿನ ಫ್ಯಾನು. ಗುಡಿಯ ಆಣೆಯೇ ಬೇರೆ. ಅಲ್ಲಿ ದೇವರ ಎದುರು ಕರ್ಪೂರ ಹಚ್ಚುತ್ತಾರೆ, ಉರಿಯುವ ಕರ್ಪೂರವನ್ನು ಕೈಯಿಂದ ಆರಿಸಿ ಮಾತು ಹೇಳಬೇಕು. ಸುಳ್ಳು ಹೇಳಿ ಆರಿಸಿದರೆ ಮನೆಯ ದೀಪವೇ ಆರುತ್ತದೆ ಎಂಬ ನಂಬಿಕೆ. ಕೋರ್ಟಿನಲ್ಲಿ ಬಾಯಿಗೆ ಬಂದದ್ದು ಹೇಳಿದವನು ಗುಡಿಯ ಹೊಸಿಲ ಹತ್ತಿರ ಬಂದರೆ ನಡುಗುತ್ತಾನೆ.

ಇಷ್ಟು ಎಲ್ಲರಿಗೂ ಗೊತ್ತು. ಪಟ್ಟಣದಲ್ಲಿ ಬೆಳೆದವರಿಗೆ ಗೊತ್ತಿಲ್ಲದ್ದು ಇನ್ನೊಂದಿದೆ. ನಮ್ಮ ಕಡೆಯ ಎಷ್ಟೋ ಹೆಂಗಸರು ನಿಜವಿದ್ದರೂ ಆಣೆ ಮಾಡುವುದಿಲ್ಲ. ಆಣೆ ಎನ್ನುವುದೇ ಕೆಟ್ಟದ್ದು, ಒಮ್ಮೆ ಬಾಯಿಂದ ಹೊರಟರೆ ನಿಜ ಸುಳ್ಳು ನೋಡದೆ ಮನೆಯ ಮಕ್ಕಳ ಮೇಲೆ ಬೀಳುತ್ತದೆ ಎಂದು ಅವರ ಭಯ. ನಾನು ಹುಟ್ಟಿದ್ದು ಪಕ್ಕದ ಹಾಸನ ಜಿಲ್ಲೆಯ ಒಂದು ಹಳ್ಳಿಯಲ್ಲಿ. ನಮ್ಮ ಅಜ್ಜಿಯ ಮೇಲೆ ನೆರೆಮನೆಯವಳು ಕೋಳಿ ಕದ್ದ ಆಪಾದನೆ ಹೊರಿಸಿದಳು. ಕದ್ದಿಲ್ಲವಾದರೆ ಮಾರಮ್ಮನ ಮುಂದೆ ಆಣೆ ಮಾಡು ಎಂದಳು. ಅಜ್ಜಿ ಹಿತ್ತಲಿಗೆ ಹೋಗಿ ತನ್ನದೇ ಕೋಳಿಯೊಂದನ್ನು ಹಿಡಿದು ತಂದು ಅವಳ ಮಡಿಲಿಗೆ ಹಾಕಿದಳು. ಮೂರು ವಾರವಾದ ಮೇಲೆ ಆ ಕಳೆದುಹೋದ ಕೋಳಿ ಹುಲ್ಲಿನ ಮೆದೆಯ ಹಿಂದಿನಿಂದ ಮರಿಗಳನ್ನು ಕರೆದುಕೊಂಡು ಹೊರಗೆ ಬಂತು. ನೆರೆಮನೆಯವಳು ಅಜ್ಜಿಯ ಕೋಳಿ ತಂದುಕೊಟ್ಟಳು, ಜೊತೆಗೆ ಎರಡು ಮರಿ. ನಮ್ಮ ಮನೆಯಲ್ಲಿ ಇದು ನಗುವಿನ ಕಥೆ. ಈ ಕೋಳಿಯ ಕಥೆ ಯಾವ ಕಾನೂನು ಕಾಲೇಜಿನಲ್ಲೂ ಕಲಿಸುವುದಿಲ್ಲ, ನನಗೆ ಮಾತ್ರ ಕೆ.ಆರ್. ಪೇಟೆಯಲ್ಲಿ ಉಪಯೋಗಕ್ಕೆ ಬಂತು.

ಆ ಕೇಸಿನಲ್ಲಿ ವಾದಿ ಒಬ್ಬ ಅಣ್ಣ. ಪ್ರತಿವಾದಿ ಅವನ ತೀರಿಹೋದ ತಮ್ಮನ ಹೆಂಡತಿ. ಇರುವುದು ಒಂದೇ ಹಳೆಯ ಮನೆ, ನಡುವೆ ಗೋಡೆ ಎಬ್ಬಿಸಿ ಎರಡು ಮಾಡಿದ್ದು. ಪಡುವಲ ಭಾಗದಲ್ಲಿ ಅಣ್ಣನ ಸಂಸಾರ. ಮೂಡಲ ಭಾಗದಲ್ಲಿ ಈಕೆ, ಕಾಲೇಜಿಗೆ ಹೋಗುವ ಮಗಳು, ಕೊಟ್ಟಿಗೆಯಲ್ಲಿ ಒಂದೆರಡು ಹಸು. ಡೇರಿಗೆ ಹಾಕುವ ಹಾಲಿನ ಮೇಲೆ ಅವರ ಜೀವನ. ಮಾವ ಬದುಕಿದ್ದಾಗ ಮನೆಯನ್ನು ಬಾಯಿಮಾತಿನಲ್ಲಿ ಪಾಲು ಮಾಡಿ ಈ ಅರ್ಧ ನಮಗೆ ಕೊಟ್ಟರು ಎಂದು ಅವಳು ಹೇಳುತ್ತಿದ್ದಳು. ಹಾಗೇನೂ ಇಲ್ಲ, ಇಡೀ ಮನೆ ನನ್ನದು, ತಮ್ಮನನ್ನು ಸುಮ್ಮನೆ ಇರಲು ಬಿಟ್ಟಿದ್ದೆ, ಈಗ ಖಾಲಿ ಮಾಡಿಸಿಕೊಡಿ ಎಂದು ಅವನ ದಾವೆ. ಹಿರಿಯವನು ಎಂಬ ಒಂದೇ ಕಾರಣಕ್ಕೆ ಖಾತೆ ಅಣ್ಣನ ಹೆಸರಿನಲ್ಲಿತ್ತು. ಈ ಸೀಮೆಯಲ್ಲಿ ಅದು ಮಾಮೂಲು, ಅಣ್ಣನ ಹೆಸರಲ್ಲಿದ್ದರೆ ಏನಾಯ್ತು ಎಂದು ತಮ್ಮಂದಿರು ಸುಮ್ಮನಿರುತ್ತಾರೆ. ಅವಳ ಕೈಯಲ್ಲಿ ಒಂದು ತುಂಡು ಕಾಗದವೂ ಇರಲಿಲ್ಲ. ಕೇಸು ಸೋತರೆ ತಾಯಿ ಮಗಳು ಹಸು ಹಿಡಿದುಕೊಂಡು ಬೀದಿಗೆ ಬರಬೇಕಿತ್ತು.

ಅಣ್ಣ ಕಟಕಟೆಯಲ್ಲಿದ್ದ. ಅವಳ ವಕೀಲರು ಪಾಟೀಸವಾಲು ನಡೆಸುತ್ತಿದ್ದರು. "ನಿಮ್ಮ ತಂದೆ ಪಾಲು ಮಾಡಿಕೊಟ್ಟಿದ್ದು ನಿಜ, ನೀವು ಸುಳ್ಳು ಹೇಳ್ತಿದ್ದೀರಿ" ಎಂದರು. ಅವನು ಟವೆಲು ಕೊಡವಿ ಹೆಗಲಿಗೆ ಹಾಕಿಕೊಂಡು ನನ್ನ ಕಡೆ ತಿರುಗಿದ.

"ಸ್ವಾಮಿ, ಈ ಮಾತೆಲ್ಲ ಯಾಕೆ? ಗೋವಿಂದನಹಳ್ಳಿ ಪಂಚಲಿಂಗೇಸ್ವರನ್ ಗುಡೀಲಿ ಅವ್ಳು ಕರ್ಪೂರ ಆರುಸ್ಲಿ. ನಮ್ಮಪ್ಪ ಕೊಟ್ಟವ್ನೆ ಅಂತ ಐದ್ ಲಿಂಗದ್ ಮುಂದೆ ಆಣೆ ಮಾಡ್ಲಿ. ನಾನು ಇವತ್ತೇ ಕೇಸು ಬುಟ್ಬುಡ್ತೀನಿ."

ಅವಳ ವಕೀಲರ ಮುಖ ಅರಳಿತು. ಇಷ್ಟು ಸುಲಭದಲ್ಲಿ ಗೆಲ್ಲುವುದೇ ಎಂದು ಅವರು ಹಿಂದಕ್ಕೆ ತಿರುಗಿ, ಬೆಂಚಿನ ತುದಿಯಲ್ಲಿ ಕೂತಿದ್ದ ಅವಳಿಗೆ ಏಳುವಂತೆ ಸನ್ನೆ ಮಾಡಿದರು.

ಅವಳು ಎದ್ದು ನಿಂತಳು. ಸೆರಗನ್ನು ಹೆಗಲ ತುಂಬ ಹೊದ್ದುಕೊಂಡಳು. "ನಾನು ಆಣೆ ಮಾಡಕಿಲ್ಲ ಸ್ವಾಮಿ" ಎಂದಳು.

"ನಿಜ ತಾನೇಮ್ಮ? ಮಾಡೋಕೇನು?" ಎಂದು ವಕೀಲರು ಮೆಲ್ಲಗೆ ಗದರಿದರು.

"ನಿಜಾನೇಯ. ಆದ್ರೂ ಮಾಡಕಿಲ್ಲ. ನಂಗೆ ಇರೋಳು ಒಬ್ಳು ಮಗ್ಳು."

ಅಣ್ಣನ ವಕೀಲರು ಈಗ ಎದ್ದು ನಿಂತರು. ಪ್ರತಿವಾದಿ ಆಣೆಗೆ ಹೆದರಿದ್ದನ್ನು ದಾಖಲು ಮಾಡಿಕೊಳ್ಳಬೇಕು, ಇದರಿಂದಲೇ ಅವರ ಮಾತು ಸುಳ್ಳೆಂದು ತಿಳಿಯುತ್ತದೆ ಎಂದರು. ಕಟಕಟೆಯಲ್ಲಿದ್ದ ಅಣ್ಣನ ಮುಖ ನೋಡಿದೆ. ಅವನಿಗೆ ಆಶ್ಚರ್ಯವಾಗಿರಲಿಲ್ಲ. ಅವಳು ಮಾಡುವುದಿಲ್ಲ ಎಂದು ಅವನಿಗೆ ಮೊದಲೇ ಗೊತ್ತಿತ್ತು, ಒಂದೇ ಮನೆಯಲ್ಲಿ ಬಾಳಿದವರು. ಗೊತ್ತಿದ್ದೇ ಕೇಳಿದ್ದ. ನನಗೆ ಮೈ ಉರಿಯಿತು.

ಅಷ್ಟರಲ್ಲಿ ಅವಳ ವಕೀಲರು ಚುರುಕಾದರು. ಹಾಗಾದರೆ ವಾದಿಯೇ ಆಣೆ ಮಾಡಲಿ, ತಂದೆ ಕೊಟ್ಟಿಲ್ಲ ಎಂದು ಅವರೇ ಕರ್ಪೂರ ಆರಿಸಲಿ, ನಾವು ಮನೆ ಬಿಡುತ್ತೇವೆ ಎಂದುಬಿಟ್ಟರು. ಅವಳನ್ನು ಒಂದು ಮಾತೂ ಕೇಳದೆ ಹೇಳಿದ್ದು. ಅಣ್ಣನ ಕೈ ಟವೆಲಿನ ತುದಿಗೆ ಹೋಯಿತು. ಇಡೀ ಊರಿನ ಜನ ಹಿಂದೆ ಕೂತು ನೋಡುತ್ತಿದ್ದಾರೆ. ಹಿಂದೆ ಸರಿಯುವ ಹಾಗಿಲ್ಲ.

"ಮಾಡ್ತೀನಿ, ನಡೀರಿ" ಎಂದ.

"ಬ್ಯಾಡಿ ಸ್ವಾಮಿ."

ಮತ್ತೆ ಅವಳೇ. ಈ ಸಲ ಬೆಂಚಿನ ಸಾಲು ದಾಟಿ ಮುಂದಕ್ಕೆ ಬಂದಿದ್ದಳು. ಜವಾನ ತಡೆಯಲು ಹೋದ, ನಾನು ಬೇಡವೆಂದು ಕೈಸನ್ನೆ ಮಾಡಿದೆ.

"ಬಾವ್ನೋರೂ ಮಾಡದು ಬ್ಯಾಡಿ. ಅವ್ರ ಮನೇಲಿ ಮೊಮ್ಮಗ ಅವ್ನೆ, ಇನ್ನೂ ಮಾತ್ ಬಂದಿಲ್ಲ ಆ ಮಗೀಗೆ. ನನ್ ತೊಡೆ ಮೇಲೇ ಮಲೀಕತದೆ. ಮನೆ ಓದ್ರೆ ಓಯ್ತದೆ. ಆಣೆಗೀಣೆ ಯಾರಿಗೂ ಬ್ಯಾಡಿ ಸ್ವಾಮಿ, ನೀವೇ ನೋಡಿ ಯೋಳ್ಬುಡಿ."

ನೀವೇ ನೋಡಿ ಹೇಳಿಬಿಡಿ. ಜಡ್ಜಿನ ಕೆಲಸ ಏನು ಎಂದು ಅದಕ್ಕಿಂತ ಸರಿಯಾಗಿ ನನಗೆ ಯಾರೂ ಹೇಳಿರಲಿಲ್ಲ. ಐದು ಲಿಂಗಗಳ ಮೇಲೆ ಹೊರಿಸಬೇಕಾದ ಭಾರವನ್ನು ಆ ಹೆಂಗಸು ನನ್ನ ಮೇಲೆ ಹಾಕಿ ಕೈಮುಗಿದು ನಿಂತಿದ್ದಳು. ಎದೆ ತುಂಬಿ ಬಂತು, ಸ್ವಲ್ಪ ಹೆದರಿಕೆಯೂ ಆಯಿತು.

ಇಬ್ಬರು ವಕೀಲರನ್ನೂ ಕೂರಲು ಹೇಳಿದೆ. ಈ ಕೋರ್ಟಿನಲ್ಲಿ ಕೇಸುಗಳು ಸಾಕ್ಷ್ಯದ ಮೇಲೆ ಮುಗಿಯುತ್ತವೆ, ಕರ್ಪೂರದ ಮೇಲಲ್ಲ, ಆಣೆ ಬೇಡವೆಂದವರ ಮಾತು ಅಷ್ಟರಿಂದಲೇ ಸುಳ್ಳಾಗುವುದಿಲ್ಲ ಎಂದು ದಾಖಲು ಮಾಡಿಸಿದೆ. ಬೇಕಾದ ಪ್ರಶ್ನೆಯನ್ನು ಸಾಕ್ಷಿಗೆ ಕೇಳುವ ಅಧಿಕಾರ ಕಾನೂನು ಜಡ್ಜಿಗೆ ಕೊಟ್ಟಿದೆ. ಎಷ್ಟೋ ಜನ ಜಡ್ಜರು ಅದನ್ನು ಬೀರುವಿನಲ್ಲೇ ಇಟ್ಟಿರುತ್ತಾರೆ. ನಾನು ಪೆನ್ನು ಕೆಳಗಿಟ್ಟು ಅಣ್ಣನ ಕಡೆ ತಿರುಗಿದೆ.

ದಾವೆಗೆ ಅವಳು ಸಲ್ಲಿಸಿದ್ದ ಉತ್ತರ ಪತ್ರದಲ್ಲಿ ಒಂದು ಸಾಲಿತ್ತು. ನಡುಮನೆಯ ಬಾಗಿಲನ್ನು ಮಾವ ಗೋಡೆ ಹಾಕಿ ಮುಚ್ಚಿಸಿ, ಮೂಡಲ ಬೀದಿಗೆ ಹೊಸ ಬಾಗಿಲು ಇಡಿಸಿದರು ಎಂದು. ಇಬ್ಬರು ವಕೀಲರೂ ಗೋಡೆಯ ಖರ್ಚು ಯಾರದು ಎಂದು ಜಗಳವಾಡಿ ಮುಂದಕ್ಕೆ ಹೋಗಿದ್ದರು. ಹಳ್ಳಿಯ ಮನೆಯಲ್ಲಿ ಬೆಳೆದ ನನಗೆ ಬೇರೆ ಏನೋ ತಿಳಿಯಬೇಕಿತ್ತು.

"ಮೂಡಲ ಬಾಗಿಲು ಇಟ್ಟಾಗ ನಿಮ್ಮ ತಂದೆ ಇದ್ದರಾ?"

"ಇದ್ರು ಸ್ವಾಮಿ."

"ಹೊಸಿಲು ಪೂಜೆ ಆಯಿತಾ?"

"ಆಯ್ತು."

"ಒಳಗೆ ಹಾಲು ಉಕ್ಕಿಸಿದರಾ?"

ಅವನು ಮತ್ತೆ ಟವೆಲಿನ ತುದಿ ಹಿಂಡಿದ. ಅವನ ವಕೀಲರಿಗೆ ಪ್ರಶ್ನೆ ಎಲ್ಲಿಗೆ ಹೋಗುತ್ತಿದೆ ಎಂದು ತಿಳಿಯಲಿಲ್ಲ, ಹಿಂದೆ ಕೂತಿದ್ದ ಹಳ್ಳಿಯ ಹೆಂಗಸರಿಗೆ ತಿಳಿಯಿತು. ಬಾಡಿಗೆಗೆ ಬಂದವರೂ ಹಾಲು ಉಕ್ಕಿಸಬಹುದು, ಅದು ಪಟ್ಟಣದ ಮಾತು. ಈ ಹಳ್ಳಿಗಳಲ್ಲಿ ಒಂದು ಮನೆ ಎರಡಾದಾಗ ಹೊಸ ಒಲೆ ಹೂಡಿ ಹಾಲು ಉಕ್ಕಿಸುವುದೆಂದರೆ ಪಾಲಾಯಿತು ಎಂದು ಅರ್ಥ. ಹಿರಿಯರು ಮುಂದೆ ನಿಂತು ಬೆಂಕಿ ಹಚ್ಚಿಸುತ್ತಾರೆ. ಸುಮ್ಮನೆ ಇರಲು ಬಿಟ್ಟವರಿಗೆ ಯಾರೂ ಹಾಗೆ ಮಾಡುವುದಿಲ್ಲ.

"ಉಕ್ಕುಸುದ್ರು" ಎಂದ ಕೊನೆಗೆ.

"ಯಾರು ಉಕ್ಕಿಸಿದ್ದು?"

ಅವನು ನನ್ನನ್ನು ನೋಡಲಿಲ್ಲ. ಇನ್ನೂ ಕೈಮುಗಿದೇ ನಿಂತಿದ್ದ ಅವಳನ್ನು ನೋಡಿದ.

"ಅವ್ಳೇಯ."

"ಒಲೆಗೆ ಬೆಂಕಿ ಹಾಕಿದ್ದು?"

"ನಮ್ಮಪ್ಪ."

"ಆಗ ಅವರು ಏನಾದರೂ ಹೇಳಿದರಾ?"

ಇದಕ್ಕೆ ನೆನಪಿಲ್ಲ ಎಂದಿದ್ದರೆ ನಾನು ಏನೂ ಮಾಡುವಂತಿರಲಿಲ್ಲ. ಆ ಒಂದು ಮಾತಿನ ದಾರಿ ಅವನಿಗೆ ತೆರೆದೇ ಇತ್ತು, ನನ್ನ ಕೋರ್ಟಿನಲ್ಲಿ ದಿನಾ ಜನ ಅದೇ ದಾರಿಯಲ್ಲಿ ಓಡಿಹೋಗುತ್ತಿದ್ದರು. ಅವನು ಟವೆಲಿನಿಂದ ಬಾಯಿ ಒರೆಸಿಕೊಂಡ.

"ಇದು ನಿಂದು ಕನವ್ವ, ಚೆಂದಾಗಿ ಬಾಳು ಅಂದ್ರು."

ಸ್ಟೆನೊ ಹುಡುಗಿಯ ಬೆರಳು ಕೀಬೋರ್ಡಿನ ಮೇಲೆ ನಿಂತುಬಿಟ್ಟಿತ್ತು. ಟೈಪು ಮಾಡಮ್ಮ ಎಂದೆ. ಸಾಕ್ಷಿ ಹೇಳಿದ್ದನ್ನು ಓದಿ ಹೇಳಿಸಿದೆ, ಸರಿ ಎಂದು ಸಹಿ ಹಾಕಿದ. ಯಾರೂ ಲೆಕ್ಕಕ್ಕೇ ತೆಗೆದುಕೊಳ್ಳದ ನಮ್ಮ ಕೋರ್ಟಿನ ಬಡ ಪ್ರಮಾಣ, ಫ್ಯಾನಿನ ಕೆಳಗಿನ ಆ ಪ್ರಮಾಣ, ಅವತ್ತು ಐದು ಲಿಂಗಗಳ ಕೆಲಸ ಮಾಡಿತು. ನಾನು ಆ ಕುರ್ಚಿಯಲ್ಲಿ ಕೂತಿದ್ದೆ ಎನ್ನುವುದು ನನ್ನ ಹೆಮ್ಮೆ. ಅವನ ಬಾಯಿ ಬಿಡಿಸಿದ್ದು ನಾನಲ್ಲ, ಅವಳು, ಅದೂ ನನಗೆ ಗೊತ್ತು. ಆದರೆ ಪ್ರಶ್ನೆ ನನ್ನದು. ಅಷ್ಟನ್ನು ನಾನು ಯಾರಿಗೂ ಬಿಟ್ಟುಕೊಡುವುದಿಲ್ಲ.

ಶ್ರೀರಂಗಪಟ್ಟಣಕ್ಕೆ ಬಂದ ಮೇಲೆ ಇದೇ ತರಹದ್ದು ಇನ್ನೊಮ್ಮೆ ಎದುರಾಯಿತು. ಹೊಡೆದಾಟದ ಕೇಸೊಂದರಲ್ಲಿ ಗಂಜಾಂ ಕಡೆಯ ವಯಸ್ಸಾದ ಲಾರಿ ಡ್ರೈವರೊಬ್ಬರು ಸಾಕ್ಷಿಗೆ ಬಂದಿದ್ದರು, ಮುಸ್ಲಿಮರು. ಎದುರು ಪಕ್ಷದ ಎಳೆಯ ವಕೀಲರು ಕುರಾನಿನ ಮೇಲೆ ಆಣೆ ಮಾಡಿ ಹೇಳ್ತೀರಾ ಎಂದು ಸವಾಲು ಹಾಕಿದರು. ಆ ಹಿರಿಯರು ಎರಡೂ ಕಿವಿ ಮುಟ್ಟಿಕೊಂಡರು. "ಸಚ್ಚೀಚ್ ಬೋಲ್ತೌಂ ಸಾಬ್, ಕಸಮ್ ನಕ್ಕೋ. ಮನೇಲಿ ಬಚ್ಚೇ ಅವ್ರೆ" ಎಂದರು, ನಿಜವನ್ನೇ ಹೇಳುತ್ತೇನೆ, ಆಣೆ ಬೇಡ, ಮನೆಯಲ್ಲಿ ಮಕ್ಕಳಿದ್ದಾರೆ ಎಂದು. ವಕೀಲರು ಗೆದ್ದವರ ಹಾಗೆ ನನ್ನನ್ನು ನೋಡಿ ನಕ್ಕರು. ನನ್ನ ಸಿಟ್ಟಿನ ಬಗ್ಗೆ ಅವರು ಕೇಳಿದ್ದರೋ ಇಲ್ಲವೋ, ಅವತ್ತು ನೋಡಿದರು. ದೇವರು ಬೇರೆ, ಭಾಷೆ ಬೇರೆ, ಭಯ ಮಾತ್ರ ಒಂದೇ. ನಮ್ಮ ಅಜ್ಜಿಗೂ ಆ ಹಿರಿಯರಿಗೂ ಚೆನ್ನಾಗಿ ಹೊಂದುತ್ತಿತ್ತು.

ಈಗ ಮೈಸೂರಿನಲ್ಲಿ ಮನೆ. ಯಾವ ಕೋರ್ಟಿನ ಯಾವ ಕೇಸು ಯಾವತ್ತಿಗೆ ಎಂದು ಮೊಬೈಲಿನಲ್ಲೇ ನೋಡಬಹುದು. ನಾನು ಸುಮ್ಮನೆ ಕೂತಾಗ ಕೆ.ಆರ್. ಪೇಟೆಯ ಪಟ್ಟಿ ತೆಗೆದು ನೋಡುತ್ತೇನೆ, ಗಂಡ ನಗುತ್ತಾರೆ. ನೋಡಿದಾಗಲೆಲ್ಲ ಆ ಕೇಸಿನ ತೀರ್ಪಿನ ದಿನ ನೆನಪಾಗುತ್ತದೆ.

ಅವತ್ತು ದಾವೆ ವಜಾ ಮಾಡಿ ತೀರ್ಪಿನ ಕೊನೆಯ ಭಾಗ ಓದಿದೆ. ಅವಳಿಗೆ ಅರ್ಥವಾಗಲೆಂದು ಕನ್ನಡಕ ತೆಗೆದು ನೇರವಾಗಿ ಹೇಳಿದೆ: "ನಿಮ್ಮನ್ನು ಆ ಮನೆಯಿಂದ ಬಿಡಿಸುವ ಹಾಗಿಲ್ಲಮ್ಮ. ಅದು ನಿಮ್ಮದೇ." ಅಣ್ಣ ಹಿಂದಿನ ಗೋಡೆಗೆ ಒರಗಿ ನಿಂತಿದ್ದ. ಅವಳು ಕೈಮುಗಿದಳು, ಆದರೆ ಹೋಗಲಿಲ್ಲ. ಮುಂದಿನ ಕೇಸು ಕರೆದರೂ ಹೋಗಲಿಲ್ಲ. ಜವಾನ ಬಾರಮ್ಮ ಎಂದು ಕರೆಯುತ್ತಿದ್ದ.

"ಇನ್ನೇನಮ್ಮ?" ಎಂದೆ. ಎಂದಿನ ಹಾಗೆ ಸ್ವಲ್ಪ ಸಿಡುಕಿನಿಂದಲೇ ಅಂದಿರಬೇಕು.

ಅವಳು ಮೇಜಿನ ಹತ್ತಿರಕ್ಕೆ ಬಂದು, ಹಿಂದೆ ನಿಂತವನಿಗೆ ಕೇಳಿಸಬಾರದೆಂಬಂತೆ ದನಿ ತಗ್ಗಿಸಿದಳು. ಕೇಸು ನಡೆದಷ್ಟು ಕಾಲ ಸ್ವಾಮಿ ಎಂದವಳು ಅವತ್ತು ಬೇರೆ ಕರೆದಳು.

"ಅವ್ವ, ಬಾವ್ನೋರು ಮೊದ್ಲು ಇಲ್ಲಿ ದೇವ್ರ ಎಸ್ರೇಳಿ ಸುಳ್ಳು ಯೋಳ್ಬುಟ್ಟಿದ್ರಲ್ಲ. ಆ ಮಗೀಗೆ ಏನೂ ಆಗಕಿಲ್ವಲ್ಲ?"

ಇಷ್ಟು ವರ್ಷದ ನೌಕರಿಯಲ್ಲಿ ನನ್ನನ್ನು ಯಾರೂ ಅಂಥ ಪ್ರಶ್ನೆ ಕೇಳಿರಲಿಲ್ಲ. ಅದಕ್ಕೆ ಉತ್ತರ ಯಾವ ಕಾನೂನಿನಲ್ಲೂ ಇಲ್ಲ. ಗೋಡೆಗೆ ಒರಗಿದ್ದವನು ತಲೆ ಎತ್ತಿದ್ದ. ಅವನಿಗೂ ಕೇಳಿಸಿತ್ತು, ಅವನೂ ಉತ್ತರಕ್ಕೆ ಕಾಯುತ್ತಿದ್ದ.

"ಕೊನೆಗೆ ನಿಜ ಹೇಳಿದರಲ್ಲಮ್ಮ" ಎಂದೆ, ಹಿಂದಿನ ಗೋಡೆಗೂ ಕೇಳುವ ಹಾಗೆ. "ನಿಜ ಹೇಳಿದ ಮೇಲೆ ಮೊದಲಿನದು ಹೋಯಿತು. ಮಗುವಿಗೆ ಏನೂ ಆಗುವುದಿಲ್ಲ."

"ನೀವ್ ಯೋಳುದ್ ಮ್ಯಾಕೆ ಸರಿ" ಎಂದಳು.

ಸ್ಟೆನೊ ಇದನ್ನೂ ಟೈಪು ಮಾಡಬೇಕೇ ಎಂಬಂತೆ ನೋಡಿದಳು. ಬೇಡವೆಂದು ತಲೆಯಾಡಿಸಿ ಮುಂದಿನ ಕೇಸು ತೆಗೆದುಕೊಂಡೆ. ಸಂಜೆ ಕಡತ ಎತ್ತಿಡುತ್ತಾ ಜವಾನ ಹೇಳಿದ, ಅವರಿಬ್ಬರೂ ಬಸ್‌ ಸ್ಟ್ಯಾಂಡಿನಲ್ಲಿ ಒಂದೇ ಬಸ್ಸು ಹತ್ತಿ ಊರಿಗೆ ಹೋದರಂತೆ.